ಹಳೆಯ ಪಿಎಸ್3 ಪದೇ ಪದೇ ಹ್ಯಾಂಗ್ ಆಗುತ್ತಿದೆಯೇ? ಬಿಚ್ಚುವ ಮುಂಚೆ ಈ ಕ್ರಮದಲ್ಲಿ ನೋಡಿ

"ಮೂರು ಸಲ ಫಾರ್ಮ್ಯಾಟ್ ಮಾಡೀನಿ ಅಣ್ಣಾ, ಮತ್ತ ಹ್ಯಾಂಗ್ ಆಗ್ಲಕತ್ತದ." ಕಲಬುರಗಿಯಲ್ಲಿ ಬೇಸಿಗೆ ಶುರುವಾದರೆ ಈ ಮಾತು ನನಗೆ ವಾರಕ್ಕೊಮ್ಮೆ ಕೇಳುತ್ತದೆ. ಕೇಳುವ ಹುಡುಗರಲ್ಲಿ ಹೆಚ್ಚಿನವರು ಎರಡರಲ್ಲಿ ಒಂದನ್ನು ಮಾಡಿಯೇ ಬಂದಿರುತ್ತಾರೆ. ಒಂದು, ಎಲ್ಲ ಅಳಿಸಿ ಫಾರ್ಮ್ಯಾಟ್ ಮಾಡಿರುತ್ತಾರೆ. ಇಲ್ಲವೇ ಸ್ಕ್ರೂಡ್ರೈವರ್ ಹಿಡಿದು ಮೊದಲ ದಿನವೇ ಬಿಚ್ಚಿರುತ್ತಾರೆ. ಈ ಎರಡೂ ಕೊನೆಗೆ ಮಾಡುವ ಕೆಲಸ. ಮೊದಲೇ ಮಾಡಿದರೆ ಸೇವ್ (ಆಟ ಎಲ್ಲಿವರೆಗೆ ಬಂದಿತ್ತು ಎಂಬ ದಾಖಲೆ) ಹೋಗುತ್ತದೆ, ರಿಬ್ಬನ್ ಕೇಬಲ್ ಹರಿಯುತ್ತದೆ, ಕಾರಣ ಮಾತ್ರ ಹಾಗೇ ಉಳಿಯುತ್ತದೆ.

ಇಲ್ಲಿ ನಾನು ಹೇಳುವುದು ಮುಖ್ಯವಾಗಿ ಪಿಎಸ್3 ಸ್ಲಿಮ್ ಬಗ್ಗೆ, ಅಂದರೆ ಟಿವಿಗೆ ಜೋಡಿಸಿ ಗೇಮ್ ಆಡುವ ಪ್ಲೇಸ್ಟೇಷನ್ 3 ಕನ್ಸೋಲ್‌ನ ತೆಳು ಮಾಡೆಲ್. ನಮ್ಮ ಊರಲ್ಲಿ ಇನ್ನೂ ಓಡುತ್ತಿರುವ ಹಳೆಯ ಕನ್ಸೋಲ್‌ಗಳಲ್ಲಿ ನನ್ನ ಕೈಗೆ ಜಾಸ್ತಿ ಬಂದದ್ದು ಅದೇ. ಪಿಎಸ್2, ಎಕ್ಸ್‌ಬಾಕ್ಸ್ 360 ಇರುವವರಿಗೆ ಕೊನೆಯ ಕಡೆ ಒಂದು ಭಾಗ ಇದೆ. ಆದರೆ ಕ್ರಮ ಎಲ್ಲದಕ್ಕೂ ಒಂದೇ: ಮೊದಲು ಗಮನಿಸಿ, ಆಮೇಲೆ ಕರೆಂಟ್ ನೋಡಿ, ಡಿಸ್ಕ್ ನೋಡಿ, ಹಾರ್ಡ್ ಡಿಸ್ಕ್ ನೋಡಿ, ಹೊರಗಿನ ಧೂಳು ತೆಗೆಯಿರಿ. ಇಷ್ಟಾದರೂ ಆಗದಿದ್ದರೆ ಮಾತ್ರ ಬಿಚ್ಚಿ.

ಬೇಕಾಗುವ ಸಾಮಾನು

ಮೊದಲ ಏಳು ಹಂತಗಳಿಗೆ ದೊಡ್ಡದೇನೂ ಬೇಡ. ಒಂದು ನೋಟ್‌ಬುಕ್, ಫ್ಯಾಟ್32 ಫಾರ್ಮ್ಯಾಟ್ ಮಾಡಿದ ಪೆನ್‌ಡ್ರೈವ್, ಕನ್ನಡಕ ಒರೆಸುವಂಥ ಮೆತ್ತನೆ ಬಟ್ಟೆ, ಕಂಟ್ರೋಲರ್‌ನ ಯುಎಸ್‌ಬಿ ಕೇಬಲ್, ಕೈಯಲ್ಲಿ ಒತ್ತುವ ರಬ್ಬರ್ ಬ್ಲೋವರ್, ಒಂದು ಹೊಸ ಪೇಂಟ್ ಬ್ರಶ್, ಸಣ್ಣ ಫಿಲಿಪ್ಸ್ ಸ್ಕ್ರೂಡ್ರೈವರ್ ಸಾಕು.

ಬಿಚ್ಚುವುದೇ ಆದರೆ ಟಿ8 ಸೆಕ್ಯೂರಿಟಿ ಟಾರ್ಕ್ಸ್ ಬೇಕು. ಅಂದರೆ ನಕ್ಷತ್ರದ ಆಕಾರ, ನಡುವೆ ತೂತು ಇರುವ ಬಿಟ್. ತೂತಿಲ್ಲದ ಸಾದಾ ಟಾರ್ಕ್ಸ್ ಆ ಸ್ಕ್ರೂಗೆ ಹೊಂದುವುದಿಲ್ಲ. ಅದನ್ನೇ ಒತ್ತಿ ತಿರುಗಿಸಿ ಸ್ಕ್ರೂ ತಲೆ ಸವೆಸಿಕೊಂಡವರನ್ನು ನಾನು ಬಹಳ ನೋಡಿದ್ದೇನೆ. ಹಾಗೆಯೇ ಒಳ್ಳೆಯ ಥರ್ಮಲ್ ಪೇಸ್ಟ್ (ಚಿಪ್‌ನ ಶಾಖವನ್ನು ಮೇಲಿನ ಲೋಹಕ್ಕೆ ದಾಟಿಸುವ ಪೇಸ್ಟ್) ಮತ್ತು ಐಸೊಪ್ರೊಪೈಲ್ ಆಲ್ಕೊಹಾಲ್. ಇದು ಮೊಬೈಲ್ ರಿಪೇರಿ ಸಾಮಾನು ಮಾರುವ ಅಂಗಡಿಗಳಲ್ಲಿ ಸಿಗುತ್ತದೆ. ಮನೆಯಲ್ಲಿರುವ ಹ್ಯಾಂಡ್ ಸ್ಯಾನಿಟೈಸರ್ ಬಳಸಬೇಡಿ. ಅದರಲ್ಲಿ ನೀರು, ಗ್ಲಿಸರಿನ್ ಇರುತ್ತದೆ, ಚಿಪ್ ಮೇಲೆ ಜಿಗುಟು ಉಳಿಯುತ್ತದೆ.

ಹಂತ 1: ಯಾವಾಗ ಹ್ಯಾಂಗ್ ಆಗುತ್ತದೆ ಎಂದು ಬರೆದಿಡಿ

ಇದನ್ನು ಯಾರೂ ಮಾಡುವುದಿಲ್ಲ, ಆದರೆ ಅರ್ಧ ಕೆಲಸ ಇಲ್ಲೇ ಮುಗಿಯುತ್ತದೆ. ಎರಡು ಮೂರು ದಿನ ಆಡಿ. ಪ್ರತಿ ಸಲ ನಿಂತಾಗ ನಾಲ್ಕು ವಿಷಯ ಬರೆಯಿರಿ: ಆನ್ ಮಾಡಿ ಎಷ್ಟು ನಿಮಿಷವಾಗಿತ್ತು, ಯಾವ ಗೇಮ್‌ನ ಯಾವ ಜಾಗ, ಫ್ಯಾನ್ ಸದ್ದು ಹೇಗಿತ್ತು, ಆ ಹೊತ್ತಿಗೆ ಮನೆಯಲ್ಲಿ ಬೇರೆ ಏನು ಆನ್ ಆಯಿತು.

ಬರೆದದ್ದನ್ನು ಓದಿದರೆ ದಾರಿ ಕಾಣುತ್ತದೆ. ಮಧ್ಯಾಹ್ನ ಅರ್ಧ ಗಂಟೆಗೆ ನಿಲ್ಲುತ್ತದೆ, ಬೆಳಿಗ್ಗೆ ಎರಡು ಗಂಟೆ ಓಡುತ್ತದೆ ಎಂದರೆ ಅದು ಬಿಸಿಯ ತೊಂದರೆ. ಒಂದೇ ಗೇಮ್, ಒಂದೇ ಜಾಗ ಎಂದರೆ ಡಿಸ್ಕ್ ಅಥವಾ ಆ ಗೇಮ್‌ನ ಡೇಟಾ. ಗೇಮ್ ಹಾಕದೆ ಬರೀ ಮೆನುವಿನಲ್ಲೇ ತಡವರಿಸಿ ನಿಲ್ಲುತ್ತಿದ್ದರೆ ಹಾರ್ಡ್ ಡಿಸ್ಕ್ ಮೇಲೆ ಅನುಮಾನ ಇಡಿ. ಬೋರ್‌ವೆಲ್ ಮೋಟರ್ ಶುರುವಾದಾಗಲೇ ನಿಲ್ಲುತ್ತಿದ್ದರೆ ಕನ್ಸೋಲ್‌ದು ತಪ್ಪೇ ಅಲ್ಲ.

ಪರದೆಯ ಮೇಲೆ ಬಣ್ಣದ ಗೆರೆ, ಚೌಕ ಚೌಕ ಚುಕ್ಕೆ ಬಂದು ನಿಂತರೆ ಅದು ಬೇರೆ ಲಕ್ಷಣ. ಮೊದಲು ಎಚ್‌ಡಿಎಂಐ ಕೇಬಲ್ ಬದಲಿಸಿ ನೋಡಿ. ಆಮೇಲೂ ಬಂದರೆ ಗ್ರಾಫಿಕ್ಸ್ ಚಿಪ್ ಸೋಲುತ್ತಿದೆ ಎಂದು ತಿಳಿಯಿರಿ. ಅಂಥದ್ದನ್ನು ಮತ್ತೆ ಮತ್ತೆ ಆನ್ ಮಾಡಿ ಪರೀಕ್ಷೆ ಮಾಡಬೇಡಿ, ತಕ್ಷಣ ಎರಡನೇ ಹಂತ ಮುಗಿಸಿಕೊಳ್ಳಿ.

ಹಂತ 2: ಸೇವ್‌ಗಳನ್ನು ಹೊರಗೆ ತೆಗೆದಿಡಿ

ಕನ್ಸೋಲ್ ಇನ್ನೂ ಆನ್ ಆಗುತ್ತಿರುವಾಗಲೇ ಇದನ್ನು ಮಾಡಿ. ಪೆನ್‌ಡ್ರೈವ್ ಹಾಕಿ, ಮೆನುವಿನಲ್ಲಿ ಗೇಮ್ ಕಾಲಂಗೆ ಹೋಗಿ, 'ಸೇವ್ಡ್ ಡೇಟಾ ಯುಟಿಲಿಟಿ' ತೆರೆಯಿರಿ. ಒಂದೊಂದೇ ಗೇಮ್ ಮೇಲೆ ತ್ರಿಕೋನದ ಬಟನ್ ಒತ್ತಿ ಕಾಪಿ ಮಾಡಿ.

ಕೆಲವು ಗೇಮ್‌ಗಳ ಸೇವ್ ಹೀಗೆ ಕಾಪಿ ಆಗುವುದಿಲ್ಲ, ಲಾಕ್ ಆಗಿರುತ್ತವೆ. ಅವುಗಳಿಗೆ ಸಿಸ್ಟಮ್ ಸೆಟ್ಟಿಂಗ್ಸ್ ಒಳಗಿನ 'ಬ್ಯಾಕಪ್ ಯುಟಿಲಿಟಿ' ಬಳಸಿ ಹೊರಗಿನ ಹಾರ್ಡ್ ಡಿಸ್ಕ್‌ಗೆ ಪೂರ್ತಿ ಬ್ಯಾಕಪ್ ತೆಗೆಯಬೇಕು. ಆ ಲಾಕ್ ಆದ ಸೇವ್‌ಗಳು ಅದೇ ಕನ್ಸೋಲ್‌ಗೆ ಮಾತ್ರ ವಾಪಸ್ ಬರುತ್ತವೆ, ಬೇರೆಯದಕ್ಕೆ ಬರುವುದಿಲ್ಲ.

ಹಂತ 3: ಕರೆಂಟ್ ನೋಡಿ

ಎಕ್ಸ್‌ಟೆನ್ಶನ್ ಬೋರ್ಡ್ ತೆಗೆದು ನೇರ ಗೋಡೆಯ ಸಾಕೆಟ್‌ಗೆ ಹಾಕಿ. ಫ್ರಿಜ್, ಕೂಲರ್ ಇರುವ ಬೋರ್ಡ್ ಬೇಡ. ಒಂದು ದಿನ ಹಾಗೇ ಆಡಿ. ಇಷ್ಟರಲ್ಲೇ ಸರಿಹೋದದ್ದೂ ಉಂಟು.

ಆಮೇಲೆ ಕೇಬಲ್. ಸ್ಲಿಮ್‌ಗೆ ಬರುವುದು ಎಂಟರ ಆಕಾರದ ಎರಡು ತೂತಿನ ಕೇಬಲ್, ಹಳೆಯ ಟೇಪ್ ರೆಕಾರ್ಡರ್‌ಗೆ ಇರುತ್ತಿತ್ತಲ್ಲ, ಅದೇ. ವರ್ಷಗಟ್ಟಲೆ ಎಳೆದಾಡಿದರೆ ಸಡಿಲಾಗುತ್ತದೆ. ಆನ್ ಇರುವಾಗ ಕೇಬಲ್ ಅಲುಗಾಡಿಸಿ ಪರೀಕ್ಷೆ ಮಾಡಬೇಡಿ, ಸುಮ್ನೆ ಬೇರೆ ಕೇಬಲ್ ಹಾಕಿ ನೋಡಿ. ಸಾಕೆಟ್‌ನಲ್ಲಿ ಚಟಪಟ ಸದ್ದು, ಸುಟ್ಟ ವಾಸನೆ ಇದ್ದರೆ ಅಲ್ಲಿಗೆ ನಿಲ್ಲಿಸಿ, ಎಲೆಕ್ಟ್ರಿಷಿಯನ್ ಕರೆಯಿರಿ.

ಬೇಸಿಗೆಯ ಸಂಜೆ ಓಣಿಯಲ್ಲಿ ಎಲ್ಲರ ಕೂಲರ್ ಒಟ್ಟಿಗೆ ಓಡುವಾಗ ವೋಲ್ಟೇಜ್ ಇಳಿಯುವುದು ನಿಮಗೂ ಗೊತ್ತು, ಬಲ್ಬ್ ಮಂಕಾಗುತ್ತದೆ. ಮನೆಗೆ ಬರಬೇಕಾದ್ದು 230 ವೋಲ್ಟ್. ಅದು ಪದೇ ಪದೇ 200ಕ್ಕಿಂತ ಕೆಳಗೆ ಇಳಿದು ಏಳುತ್ತಿದ್ದರೆ ಟಿವಿಗೆ ಹಾಕುವಂಥ ಸಣ್ಣ ಸ್ಟೆಬಿಲೈಸರ್ ಹಾಕಿ. ಸ್ಪೈಕ್ ಗಾರ್ಡ್ ಎಂದು ಬರೆದ ಬೋರ್ಡ್ ಸ್ಟೆಬಿಲೈಸರ್ ಅಲ್ಲ. ಅದು ಒಮ್ಮೆಲೇ ಏರುವ ವೋಲ್ಟೇಜ್ ತಡೆಯಬಹುದು, ಇಳಿದದ್ದನ್ನು ಎತ್ತಿ ಕೊಡುವುದಿಲ್ಲ.

ಹಂತ 4: ಡಿಸ್ಕ್ ಮತ್ತು ಗೇಮ್ ಡೇಟಾ

ಡಿಸ್ಕನ್ನು ಬೆಳಕಿಗೆ ಓರೆಯಾಗಿ ಹಿಡಿದು ನೋಡಿ. ಬೆರಳ ಗುರುತು, ಎಣ್ಣೆ ಇದ್ದರೆ ಮೆತ್ತನೆ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆ ನೇರ ಒರೆಸಿ. ದುಂಡಗೆ ಒರೆಸಬೇಡಿ. ದುಂಡಗೆ ಬಿದ್ದ ಗೀರು ಓದುವ ದಾರಿಯ ಉದ್ದಕ್ಕೇ ಬೀಳುತ್ತದೆ, ಅದನ್ನು ಲೆನ್ಸ್ ದಾಟಲಾರದು. ಟೂತ್‌ಪೇಸ್ಟ್ ತಿಕ್ಕುವ ಉಪಾಯ ಬಿಟ್ಟುಬಿಡಿ. ಬ್ಲೂ-ರೇ ಡಿಸ್ಕ್‌ನ ಡೇಟಾ ಮೇಲ್ಮೈಗೆ ತೀರ ಹತ್ತಿರ ಇರುತ್ತದೆ, ತಿಕ್ಕಿದಷ್ಟೂ ಕೆಡುತ್ತದೆ.

ಬೇರೆ ಡಿಸ್ಕ್‌ಗಳು ಸರಿ ಓಡಿ ಇದೊಂದೇ ನಿಲ್ಲುತ್ತಿದ್ದರೆ ಆ ಗೇಮ್ ಹಾರ್ಡ್ ಡಿಸ್ಕ್ ಮೇಲೆ ಇಳಿಸಿಕೊಂಡ ಡೇಟಾ ಅಳಿಸಿ. ಇಲ್ಲಿ ಒಂದು ದೊಡ್ಡ ತಪ್ಪು ಆಗುತ್ತದೆ. ಮೆನುವಿನಲ್ಲಿ 'ಗೇಮ್ ಡೇಟಾ ಯುಟಿಲಿಟಿ' ಮತ್ತು 'ಸೇವ್ಡ್ ಡೇಟಾ ಯುಟಿಲಿಟಿ' ಹತ್ತಿರ ಹತ್ತಿರ ಇವೆ. ಅಳಿಸಬೇಕಾದ್ದು ಗೇಮ್ ಡೇಟಾ. ಅದು ಡಿಸ್ಕ್ ಹಾಕಿದಾಗ ಮತ್ತೆ ಇಳಿಯುತ್ತದೆ. ಸೇವ್ ಅಳಿಸಿದರೆ ನಿಮ್ಮ ಆಟ ಹೋಯಿತು. ಅಳಿಸುವ ಮುಂಚೆ ಹೆಸರನ್ನು ಎರಡು ಸಲ ಓದಿ.

ಹಂತ 5: ಸೇಫ್ ಮೋಡ್‌ನಲ್ಲಿ ರಿಪೇರಿ

ಮೆನು ತಡವರಿಸುವವರಿಗೆ, ಆಟದ ನಡುವೆ ಕರೆಂಟ್ ಹೋಗಿ ಬಂದ ಮೇಲೆ ತೊಂದರೆ ಶುರುವಾದವರಿಗೆ ಈ ಹಂತ ಬಹಳ ಉಪಯೋಗ. ಸೇಫ್ ಮೋಡ್ ಎಂದರೆ ರಿಪೇರಿಗೆಂದೇ ಇರುವ ಬೇರೆ ಮೆನು. ಕರೆಂಟ್ ಹೋಗದ ಹೊತ್ತು ನೋಡಿ ಕೂರಿ. ಡಿಸ್ಕ್, ಪೆನ್‌ಡ್ರೈವ್ ಎಲ್ಲ ತೆಗೆಯಿರಿ.

ಕನ್ಸೋಲ್ ಆಫ್ ಇರಲಿ, ಮುಂದೆ ಕೆಂಪು ದೀಪ ಇರಬೇಕು. ಪವರ್ ಬಟನ್ ಒತ್ತಿ ಹಿಡಿಯಿರಿ. ಆನ್ ಆಗುತ್ತದೆ, ಆದರೂ ಬಿಡಬೇಡಿ. ಸುಮಾರು 10 ಸೆಕೆಂಡ್‌ಗೆ ತಾನೇ ಆಫ್ ಆಗುತ್ತದೆ. ಬೆರಳು ಬಿಟ್ಟು ಮತ್ತೆ ಒತ್ತಿ ಹಿಡಿಯಿರಿ. ಒಂದು ಬೀಪ್ ಬರುತ್ತದೆ, ಸುಮಾರು 5 ಸೆಕೆಂಡ್ ಬಿಟ್ಟು ಇನ್ನೊಂದು, ಆಮೇಲೆ ಬೀಪ್-ಬೀಪ್ ಎಂದು ಜೋಡಿ ಬೀಪ್. ಆಗ ಬಿಡಿ. ಎರಡನೇ ಬೀಪ್‌ಗೇ ಬಿಟ್ಟರೆ ಬರೀ ಪರದೆಯ ಸೆಟ್ಟಿಂಗ್ ಬದಲಾಗುತ್ತದೆ, ಸೇಫ್ ಮೋಡ್ ಬರುವುದಿಲ್ಲ. ಜಾಸ್ತಿ ಜನ ತಪ್ಪುವುದು ಇಲ್ಲೇ. ಕಂಟ್ರೋಲರನ್ನು ಕೇಬಲ್‌ನಿಂದ ಜೋಡಿಸಿ ನಡುವಿನ ಪಿಎಸ್ ಬಟನ್ ಒತ್ತಿ.

ಆರು ಆಯ್ಕೆ ಕಾಣುತ್ತವೆ. ಮೊದಲು 3ನೆಯದು, 'ರಿಸ್ಟೋರ್ ಫೈಲ್ ಸಿಸ್ಟಮ್'. ಅದು ಮುಗಿದು ಕನ್ಸೋಲ್ ಎದ್ದ ಮೇಲೆ ಮತ್ತೆ ಸೇಫ್ ಮೋಡ್‌ಗೆ ಬಂದು 4ನೆಯದು, 'ರೀಬಿಲ್ಡ್ ಡೇಟಾಬೇಸ್'. ಇದರಲ್ಲಿ ಮೆಸೇಜ್, ಪ್ಲೇಲಿಸ್ಟ್‌ನಂಥವು ಹೋಗುತ್ತವೆ, ಗೇಮ್ ಮತ್ತು ಸೇವ್ ಉಳಿಯುತ್ತವೆ. ಹಾರ್ಡ್ ಡಿಸ್ಕ್ ತುಂಬಿದ್ದರೆ ಹೊತ್ತು ಹಿಡಿಯುತ್ತದೆ, ನಿಂತಂತೆ ಕಂಡರೂ ಆಫ್ ಮಾಡಬೇಡಿ.

5ನೆಯದನ್ನು ಮುಟ್ಟಬೇಡಿ. 'ರಿಸ್ಟೋರ್ ಪಿಎಸ್3 ಸಿಸ್ಟಮ್' ಎಂದರೆ ಎಲ್ಲ ಅಳಿಸುವುದು. ಹೆಸರು ನೋಡಿ ಒಳ್ಳೆಯದು ಅನಿಸುತ್ತದೆ, ಅಲ್ವಾ? ಹಾಗೆಂದೇ ಬಹಳ ಜನ ಅದನ್ನು ಒತ್ತಿದ್ದಾರೆ. ಇನ್ನು ಅಂಗಡಿಯಲ್ಲಿ ಸಾಫ್ಟ್‌ವೇರ್ ಬದಲಿಸಿ ಕೊಟ್ಟ ಕನ್ಸೋಲ್ ನಿಮ್ಮದಾದರೆ 6ನೆಯ ಅಪ್‌ಡೇಟ್ ಕೂಡ ಬೇಡ. ಬದಲಿಸಿದ್ದು ಹೋಗಿ ಹೊಸ ತೊಂದರೆ ಶುರುವಾಗಬಹುದು.

ಹಂತ 6: ಹಾರ್ಡ್ ಡಿಸ್ಕ್

ಸ್ಲಿಮ್‌ನಲ್ಲಿ ಹಾರ್ಡ್ ಡಿಸ್ಕ್ ತೆಗೆಯಲು ಕನ್ಸೋಲ್ ಬಿಚ್ಚಬೇಕಿಲ್ಲ. ಸಣ್ಣ ಮುಚ್ಚಳ ಸರಿಸಿದರೆ ಒಂದು ನೀಲಿ ಸ್ಕ್ರೂ ಕಾಣುತ್ತದೆ. ಅದನ್ನು ಬಿಚ್ಚಿ ಹಿಡಿಕೆ ಎಳೆದರೆ ಟ್ರೇ ಹೊರಗೆ ಬರುತ್ತದೆ. ವೈರ್ ತೆಗೆದ ಮೇಲೆ ಮಾತ್ರ ಎಳೆಯಿರಿ.

ಒಮ್ಮೆ ತೆಗೆದು ಗಟ್ಟಿಯಾಗಿ ಮತ್ತೆ ಹಾಕಿ. ಅಷ್ಟಕ್ಕೆ ಸರಿಯಾಗದಿದ್ದರೆ ಸಾಟಾದಿಂದ ಯುಎಸ್‌ಬಿಗೆ ಬದಲಿಸುವ ಕೇಬಲ್ ಹಾಕಿ ಕಂಪ್ಯೂಟರ್‌ಗೆ ಜೋಡಿಸಿ. ಕ್ರಿಸ್ಟಲ್‌ಡಿಸ್ಕ್‌ಇನ್ಫೊದಂಥ ಉಚಿತ ಪ್ರೋಗ್ರಾಂನಲ್ಲಿ ಡಿಸ್ಕ್‌ನ ಆರೋಗ್ಯ ಕಾಣುತ್ತದೆ. 'ಪೆಂಡಿಂಗ್ ಸೆಕ್ಟರ್' ಅಥವಾ 'ರೀಅಲೊಕೇಟೆಡ್ ಸೆಕ್ಟರ್' ಸಾಲಿನಲ್ಲಿ ಹಳದಿ, ಕೆಂಪು ಗುರುತು ಬಂದರೆ ಡಿಸ್ಕ್ ಬದಲಿಸಿ.

ಇಲ್ಲಿ ಎಚ್ಚರ. ಜೋಡಿಸಿದ ಕೂಡಲೇ ವಿಂಡೋಸ್ "ಫಾರ್ಮ್ಯಾಟ್ ಮಾಡಲೇ?", "ಇನಿಶಿಯಲೈಸ್ ಮಾಡಲೇ?" ಎಂದು ಕೇಳಬಹುದು. ಪಿಎಸ್3 ತನ್ನ ಡೇಟಾವನ್ನು ಗುಪ್ತ ಲಿಪಿಯಲ್ಲಿ ಬರೆಯುತ್ತದೆ, ವಿಂಡೋಸ್‌ಗೆ ಅದು ಖಾಲಿ ಡಿಸ್ಕ್‌ನಂತೆ ಕಾಣುತ್ತದೆ. ಕ್ಯಾನ್ಸಲ್ ಒತ್ತಿ. ಒಂದು ಓಕೆ ಒತ್ತಿದರೆ ನಿಮ್ಮ ಸೇವ್‌ಗಳೆಲ್ಲ ಹೋದ ಹಾಗೆ.

ಹೊಸದಕ್ಕೆ ಲ್ಯಾಪ್‌ಟಾಪ್‌ನ 2.5 ಇಂಚಿನ ಸಾಟಾ ಡಿಸ್ಕ್ ಸಾಕು. 9.5 ಮಿಲಿಮೀಟರ್‌ಗಿಂತ ದಪ್ಪ ಇರಬಾರದು. ಎಸ್‌ಎಸ್‌ಡಿ ಕೂಡ ನಡೆಯುತ್ತದೆ. ಹಾಕಿದ ಮೇಲೆ ಸಿಸ್ಟಮ್ ಸಾಫ್ಟ್‌ವೇರನ್ನು ಪೆನ್‌ಡ್ರೈವ್‌ನಿಂದ ಕೊಡಬೇಕು. ಪೆನ್‌ಡ್ರೈವ್‌ನಲ್ಲಿ 'ಪಿಎಸ್3' ಫೋಲ್ಡರ್, ಅದರೊಳಗೆ 'ಅಪ್‌ಡೇಟ್' ಫೋಲ್ಡರ್, ಅದರೊಳಗೆ ಫೈಲ್. ಎರಡೂ ಫೋಲ್ಡರ್ ಹೆಸರು ಇಂಗ್ಲಿಷ್‌ನ ದೊಡ್ಡ ಅಕ್ಷರಗಳಲ್ಲಿರಲಿ. ಫೈಲ್ ಹೆಸರಿನಲ್ಲಿ 'ಅಪ್‌ಡೇಟ್' ಪದದ ಕೊನೆಯ 'ಇ' ಇರುವುದಿಲ್ಲ, ಅದನ್ನು ನೀವು ಸೇರಿಸಬೇಡಿ. ಎರಡು ಸಲ ಡೌನ್‌ಲೋಡ್ ಮಾಡಿ ಹೆಸರಿನ ಮುಂದೆ 1 ಎಂದು ಸೇರಿಕೊಂಡಿದ್ದರೆ ಅದನ್ನು ಅಳಿಸಿ. "ಫೈಲ್ ಸಿಗುತ್ತಿಲ್ಲ" ಎಂದು ಬರುವುದು ಹೆಚ್ಚಾಗಿ ಈ ಹೆಸರಿನ ತಪ್ಪಿನಿಂದ.

ಹಂತ 7: ಬಿಸಿ ಮತ್ತು ಧೂಳು, ಬಿಚ್ಚದೆ

ಇದೇ ನಮ್ಮ ಊರಿನ ದೊಡ್ಡ ಕಾರಣ. ಮೇ ತಿಂಗಳಲ್ಲಿ ಹೊರಗೆ 42 ಡಿಗ್ರಿ ಇರುವಾಗ ಕೋಣೆಯೊಳಗಿನ ಗಾಳಿಯೇ ಬಿಸಿ. ಫ್ಯಾನ್ ಎಳೆದುಕೊಳ್ಳುವುದು ಆ ಗಾಳಿಯನ್ನೇ. ಅದರ ಮೇಲೆ ಕಪ್ಪು ಮಣ್ಣಿನ ಧೂಳು. ದಾಲ್ ಮಿಲ್‌ಗಳ ಆಸುಪಾಸಿನ ಮನೆಗಳಲ್ಲಿ ತೊಗರಿ ಹೊಟ್ಟಿನ ಪುಡಿ ಬೇರೆ.

ಹಿಂದಿನ ಬೇಸಿಗೆಯಲ್ಲಿ ಅಂಥದೊಂದು ಮನೆಯ ಸ್ಲಿಮ್ ಬಿಚ್ಚಿದ್ದೆ. ಫ್ಯಾನ್ ಪಕ್ಕದ ಅಲ್ಯೂಮಿನಿಯಂ ಹಲ್ಲುಗಳ ಮೇಲೆ ಧೂಳು ಪುಡಿಯಾಗಿ ಇರಲಿಲ್ಲ, ಹೆಣೆದುಕೊಂಡಿತ್ತು. ಚಿಮಟದಿಂದ ಒಂದು ಮೂಲೆ ಹಿಡಿದು ಎಳೆದೆ. ಕಂಬಳಿಯ ತುಂಡಿನ ಹಾಗೆ ಇಡೀ ಪದರ ಒಟ್ಟಿಗೆ ಎದ್ದು ಬಂತು, ಬೂದು ಬಣ್ಣ, ನಡುನಡುವೆ ಹಳದಿ ಹೊಟ್ಟು. ಅದರ ಹಿಂದಿನ ಲೋಹ ಹೊಸದರಂತೆ ಹೊಳೆಯುತ್ತಿತ್ತು. ಅಲ್ಲಿಗೆ ಗಾಳಿಯೇ ಹೋಗಿರಲಿಲ್ಲ.

ನಿಮ್ಮದು ಯಾವ ಸ್ಥಿತಿಯಲ್ಲಿದೆ ಎಂದು ಕೈಯಿಂದಲೇ ತಿಳಿಯಬಹುದು. ಅರ್ಧ ಗಂಟೆ ಆಡಿದ ಮೇಲೆ ಗಾಳಿ ಹೊರಬರುವ ಜಾಗದಲ್ಲಿ ಅಂಗೈ ಹಿಡಿಯಿರಿ. ಫ್ಯಾನ್ ಜೋರಾಗಿ ಕೂಗುತ್ತಿದೆ, ಗಾಳಿ ಮಾತ್ರ ಕಡಿಮೆ ಎಂದರೆ ಧೂಳು ಕಟ್ಟಿದೆ. ಫ್ಯಾನ್ ಕೂಗುತ್ತಿದೆ, ಗಾಳಿಯೂ ಜೋರು, ಆದರೆ ಅಷ್ಟೇನೂ ಬಿಸಿ ಇಲ್ಲ ಎಂದರೆ ಚಿಪ್‌ನ ಶಾಖ ಲೋಹಕ್ಕೆ ತಲುಪುತ್ತಿಲ್ಲ, ಪೇಸ್ಟ್ ಒಣಗಿದೆ. ಗಾಳಿ ಬಿಸಿ, ಜೋರು, ಫ್ಯಾನ್ ಸದ್ದು ಹಿಡಿತದಲ್ಲಿದೆ ಎಂದರೆ ಒಳಗೆ ಸರಿ ಇದೆ, ಕೋಣೆಯ ಬಿಸಿ ಅಥವಾ ಇಟ್ಟ ಜಾಗ ಕಾರಣ.

ವೈರ್ ತೆಗೆದು ತಣ್ಣಗಾದ ಮೇಲೆ ಎಲ್ಲ ಕಿಂಡಿಗಳನ್ನು ಬ್ರಶ್‌ನಿಂದ ಉಜ್ಜಿ, ಬ್ಲೋವರ್‌ನಿಂದ ಊದಿ. ಪಂಕ್ಚರ್ ಅಂಗಡಿಗೆ ಒಯ್ದು ಟೈರ್‌ನ ಗಾಳಿ ಹೊಡೆಸಬೇಡಿ. ಆ ಟ್ಯಾಂಕ್‌ನಲ್ಲಿ ನೀರು, ಎಣ್ಣೆ ಸೇರಿರುತ್ತದೆ, ಒತ್ತಡವೂ ಜಾಸ್ತಿ. ಧೂಳು ಹೋಗುವ ಬದಲು ಒದ್ದೆಯಾಗಿ ಮೂಲೆಗೆ ಅಂಟುತ್ತದೆ.

ಇನ್ನು ಇಡುವ ಜಾಗ. ಟಿವಿ ಕಪಾಟಿನ ಗಾಜಿನ ಬಾಗಿಲೊಳಗೆ ಬೇಡ. ಹಿಂದೆ ಕನಿಷ್ಠ ಒಂದು ಗೇಣು ಜಾಗ ಬಿಡಿ. ಶಹಾಬಾದ್ ಫರ್ಸಿ ತಂಪು ಎಂದು ನೆಲದ ಮೇಲೆ ಇಡುವವರಿದ್ದಾರೆ. ಕಸ ಗುಡಿಸುವಾಗ ಏಳುವ ಧೂಳೆಲ್ಲ ಅದರೊಳಗೇ ಹೋಗುತ್ತದೆ. ಸಣ್ಣ ಮೇಜಿನ ಮೇಲೆ ಇಡಿ. ಕೂಲರ್‌ನ ಎದುರಿಗಂತೂ ಬೇಡವೇ ಬೇಡ. ನಮ್ಮ ಬೋರ್‌ವೆಲ್ ನೀರಿನ ಉಪ್ಪು ಕೂಲರ್ ಜಾಳಿಗೆಯ ಮೇಲೆ ಬೆಳ್ಳಗೆ ಕಟ್ಟುವುದನ್ನು ನೋಡಿದ್ದೀರಲ್ಲ, ಕೂಲರ್ ಹನಿ ಸಿಡಿಸಿದರೆ ಅದೇ ಉಪ್ಪು ಬೋರ್ಡ್ ಮೇಲೂ ಕೂರುತ್ತದೆ. ಧೂಳು ಬೀಳದಿರಲಿ ಎಂದು ಅಮ್ಮ ಹೊದಿಸಿದ ಬಟ್ಟೆಯನ್ನು ಆನ್ ಮಾಡುವ ಮುಂಚೆ ತೆಗೆಯಿರಿ, ಆಫ್ ಮಾಡಿ ಅರ್ಧ ಗಂಟೆಯ ಮೇಲೆ ಹೊದಿಸಿ.

ಹಂತ 8: ಬಿಚ್ಚಿ ಸ್ವಚ್ಛ ಮಾಡಿ ಪೇಸ್ಟ್ ಹಾಕುವುದು

ಮೇಲಿನದೆಲ್ಲ ಮಾಡಿಯೂ ಬಿಸಿಗೆ ನಿಲ್ಲುತ್ತಿದ್ದರೆ ಮಾತ್ರ ಇಲ್ಲಿಗೆ ಬನ್ನಿ. ಮೊದಲ ಸಲವಾದರೆ ಮೂರು ಗಂಟೆ ಬಿಡುವು ಇಟ್ಟುಕೊಳ್ಳಿ.

ವೈರ್ ತೆಗೆದು ಕನಿಷ್ಠ 10 ನಿಮಿಷ ಬಿಡಿ. ಹಾರ್ಡ್ ಡಿಸ್ಕ್ ಮೊದಲೇ ಹೊರಗೆ ತೆಗೆದಿಡಿ. ಮುಚ್ಚಳದ ಸ್ಟಿಕ್ಕರ್ ಅಡಿಯಲ್ಲಿ ಟಾರ್ಕ್ಸ್ ಸ್ಕ್ರೂ ಇರುತ್ತದೆ. ಪ್ರತಿ ಹಂತದಲ್ಲೂ ಮೊಬೈಲ್‌ನಲ್ಲಿ ಫೋಟೊ ತೆಗೆಯಿರಿ. ಒಂದು ರಟ್ಟಿನ ಮೇಲೆ ಕನ್ಸೋಲ್‌ನ ಚಿತ್ರ ಬರೆದು, ತೆಗೆದ ಸ್ಕ್ರೂವನ್ನು ಅದೇ ಜಾಗದಲ್ಲಿ ಚುಚ್ಚಿಡಿ. ಸ್ಕ್ರೂಗಳ ಉದ್ದ ಬೇರೆ ಬೇರೆ. ಉದ್ದದ್ದನ್ನು ಗಿಡ್ಡದರ ಜಾಗಕ್ಕೆ ಹಾಕಿ ಬಿಗಿದರೆ ಬೋರ್ಡಿಗೇ ಪೆಟ್ಟು.

ಚಪ್ಪಟೆ ರಿಬ್ಬನ್ ಕೇಬಲ್‌ಗಳನ್ನು ಎಳೆಯಬೇಡಿ. ಕೂರಿಸಿದ ಜಾಗದಲ್ಲಿ ಸಣ್ಣ ಚಿಲಕ ಇರುತ್ತದೆ. ಅದನ್ನು ಉಗುರಿನಿಂದ ಎತ್ತಿದರೆ ಕೇಬಲ್ ತಾನೇ ಸಡಿಲಾಗುತ್ತದೆ. ಪವರ್ ಸಪ್ಲೈ ಪೆಟ್ಟಿಗೆಯನ್ನು ಹಾಗೇ ಇಡಿಯಾಗಿ ತೆಗೆದು ಪಕ್ಕಕ್ಕಿಡಿ, ಅದನ್ನು ಮಾತ್ರ ಬಿಚ್ಚಬೇಡಿ. ವೈರ್ ತೆಗೆದ ಮೇಲೂ ಅದರೊಳಗಿನ ಕೆಪಾಸಿಟರ್‌ನಲ್ಲಿ ಜೋರು ಶಾಕ್ ಹೊಡೆಯುವಷ್ಟು ಕರೆಂಟ್ ಉಳಿದಿರಬಹುದು.

ಫ್ಯಾನ್ ಊದುವಾಗ ರೆಕ್ಕೆಯನ್ನು ಬೆರಳಿನಿಂದ ಹಿಡಿಯಿರಿ. ಗಾಳಿಗೆ ವೇಗವಾಗಿ ತಿರುಗಿದರೆ ಬೇರಿಂಗ್ ಕೆಡುತ್ತದೆ. ಹೀಟ್‌ಸಿಂಕ್ (ಅಲ್ಯೂಮಿನಿಯಂ ಹಲ್ಲುಗಳಿರುವ ಲೋಹದ ಭಾಗ) ಎತ್ತಿದರೆ ಎರಡು ಚಿಪ್ ಕಾಣುತ್ತವೆ, ಒಂದು ಪ್ರೊಸೆಸರ್, ಇನ್ನೊಂದು ಗ್ರಾಫಿಕ್ಸ್. ಹಳೆಯ ಪೇಸ್ಟ್ ಒಣಗಿದ ಸುಣ್ಣದ ಹಾಗೆ ಆಗಿರುತ್ತದೆ. ಆಲ್ಕೊಹಾಲ್ ಹಚ್ಚಿದ ಬಟ್ಟೆಯಿಂದ ಒರೆಸಿ, ಚಾಕು, ಬ್ಲೇಡ್ ಬೇಡ. ಪೂರ್ತಿ ಆರಿದ ಮೇಲೆ ಎರಡರ ಮೇಲೂ ಬಟಾಣಿ ಕಾಳಿನಷ್ಟು ಪೇಸ್ಟ್ ಇಟ್ಟು ಹೀಟ್‌ಸಿಂಕ್ ನೇರ ಇಳಿಸಿ. ಸ್ಕ್ರೂಗಳನ್ನು ಎದುರು ಬದುರು ಸ್ವಲ್ಪ ಸ್ವಲ್ಪ ಬಿಗಿಯುತ್ತಾ ಬನ್ನಿ. ಜಾಸ್ತಿ ಪೇಸ್ಟ್ ಹಾಕಿದರೆ ಜಾಸ್ತಿ ತಂಪು ಎಂಬುದು ಸುಳ್ಳು.

ಚಿಪ್‌ನ ಲೋಹದ ಟೋಪಿಯ ಒಳಗೂ ಪೇಸ್ಟ್ ಇದೆ. ಅದನ್ನು ಬಿಚ್ಚುವುದು ಮನೆಯ ಕೆಲಸವಲ್ಲ. ಒಂದು ತಪ್ಪು ಎಳೆತಕ್ಕೆ ಬೋರ್ಡ್ ಸತ್ತುಹೋಗುತ್ತದೆ.

ಪಿಎಸ್2, ಎಕ್ಸ್‌ಬಾಕ್ಸ್ 360 ಇದ್ದರೆ

ಪಿಎಸ್2 ಸ್ಲಿಮ್‌ನಲ್ಲಿ ಮೊದಲು ಅಡಾಪ್ಟರ್ ನೋಡಿ. ಹೊರಗಿನ ಅಡಾಪ್ಟರ್ ಇರುವ ಮಾಡೆಲ್‌ಗೆ ಬೇಕಾದ್ದು 8.5 ವೋಲ್ಟ್. ಪಿನ್ ಹೊಂದುತ್ತದೆ ಎಂದು ಬೇರೆ ಅಡಾಪ್ಟರ್ ಹಾಕಬೇಡಿ. ಆಮೇಲೆ ಲೆನ್ಸ್, ಅದನ್ನು ಆಲ್ಕೊಹಾಲ್ ಹಚ್ಚಿದ ಹತ್ತಿಯಿಂದ ಒತ್ತದೆ ಒರೆಸಿ.

ಎಕ್ಸ್‌ಬಾಕ್ಸ್ 360ರಲ್ಲಿ ಹೊರಗಿನ ಪವರ್ ಇಟ್ಟಿಗೆಗೇ ಒಂದು ಫ್ಯಾನ್ ಇದೆ. ಅದನ್ನು ಜಮಖಾನೆ ಮೇಲೆ, ಸೋಫಾ ಹಿಂದೆ ತುರುಕಬೇಡಿ. ಸ್ಟೋರೇಜ್ ಸೆಟ್ಟಿಂಗ್‌ನಲ್ಲಿ 'ಕ್ಲಿಯರ್ ಸಿಸ್ಟಮ್ ಕ್ಯಾಶ್' ಮಾಡಿ, ಸೇವ್ ಹೋಗುವುದಿಲ್ಲ. ದುಂಡಗಿನ ದೀಪದಲ್ಲಿ ಎರಡು ಕೆಂಪು ಬಂದರೆ ಬಿಸಿ, ಮೂರು ಕೆಂಪು ಬಂದರೆ ಬೋರ್ಡ್ ತೊಂದರೆ, ನಾಲ್ಕೂ ಕೆಂಪಾದರೆ ಟಿವಿ ಕೇಬಲ್ ಸರಿ ಕೂತಿಲ್ಲ.

ಹಂತ 9: ಪರೀಕ್ಷೆ, ಮತ್ತು ಎಲ್ಲಿ ನಿಲ್ಲಿಸಬೇಕು

ಒಂದು ಸಲಕ್ಕೆ ಒಂದೇ ಬದಲಾವಣೆ ಮಾಡಿ. ಪ್ರತಿ ಬದಲಾವಣೆಯ ನಂತರ ಮೊದಲು ನಿಲ್ಲುತ್ತಿದ್ದ ಅದೇ ಗೇಮ್ ಹಾಕಿ, ಅದೇ ಹೊತ್ತಿನಲ್ಲಿ ಒಂದು ಗಂಟೆ ಆಡಿ. ಬೆಳಿಗ್ಗೆ ಪರೀಕ್ಷೆ ಮಾಡಿ ಸರಿಹೋಯಿತು ಎಂದುಕೊಂಡರೆ ಮಧ್ಯಾಹ್ನ ಮತ್ತೆ ನಿಲ್ಲುತ್ತದೆ.

ಆನ್ ಮಾಡಿದ ಕೂಡಲೇ ಹಳದಿ ದೀಪ ಒಮ್ಮೆ ಮಿಂಚಿ, ಮೂರು ಬೀಪ್ ಬಂದು, ಕೆಂಪು ದೀಪ ಮಿನುಗಿದರೆ ಬೋರ್ಡ್ ಅಥವಾ ಪವರ್ ಭಾಗ ಸೋತಿದೆ. ಇಲ್ಲಿ ನಿಮ್ಮ ಕೆಲಸ ಮುಗಿಯಿತು. ಹೀಟ್ ಗನ್, ಹೇರ್ ಡ್ರೈಯರ್ ಹಿಡಿದು ಚಿಪ್ ಕಾಯಿಸುವ ಉಪಾಯ ಮಾಡಬೇಡಿ. ಕೆಲವು ದಿನ ಓಡಿ ಮತ್ತೆ ಸಾಯುತ್ತದೆ, ಆಮೇಲೆ ಸರಿಯಾಗಿ ರಿಪೇರಿ ಮಾಡುವವರಿಗೂ ಅವಕಾಶ ಉಳಿಯುವುದಿಲ್ಲ. ಅಂಗಡಿಗೆ ಕೊಟ್ಟಾಗ "ಬರೀ ಕಾಯಿಸುತ್ತೀರೋ, ಕೆಟ್ಟ ಭಾಗ ಬದಲಿಸುತ್ತೀರೋ" ಎಂದು ಬಾಯಿಬಿಟ್ಟು ಕೇಳಿ. ನೋಟ್‌ಬುಕ್‌ನಲ್ಲಿ ಬರೆದದ್ದನ್ನು ತೋರಿಸಿ, ಅವರ ಅರ್ಧ ದಿನ ಉಳಿಯುತ್ತದೆ. ಬೋರ್ಡ್ ಬದಲಿಸಬೇಕು ಎಂದು ಅವರು ಹೇಳಿದರೆ ಒಪ್ಪುವ ಮುಂಚೆ ಎರಡನೇ ಹಂತದ ಪೆನ್‌ಡ್ರೈವ್ ಮನೆಯಲ್ಲಿದೆಯೇ ನೋಡಿಕೊಳ್ಳಿ. ಹಳೆಯ ಹಾರ್ಡ್ ಡಿಸ್ಕ್‌ನ ಡೇಟಾವನ್ನು ಹೊಸ ಬೋರ್ಡ್ ಓದುವುದಿಲ್ಲ.